0-0, ಆಮೇಲೆ 1-0: ಗಾಂಧಿ ಬಜಾರಿನಲ್ಲಿ ಶುರುವಾದ ಒಂದು ಲೆಕ್ಕ

2025ರ ಏಪ್ರಿಲ್ 12ರ ರಾತ್ರಿ ನಾವು ಮೂವರು ಗಾಂಧಿ ಬಜಾರಿನ ಒಂದು ಟೀ ಅಂಗಡಿಯಲ್ಲಿದ್ದೆವು. ಬಟ್ಟೆ ಅಂಗಡಿಗಳ ಶಟರ್ ಇಳಿದಿದ್ದವು. ಶಿವಪ್ಪನಾಯಕ ವೃತ್ತದ ಕಡೆಯಿಂದ ಬರುವ ಗಾಡಿಗಳ ಸದ್ದೂ ಕಡಿಮೆಯಾಗಿತ್ತು. ಮೊಬೈಲನ್ನು ಸಕ್ಕರೆ ಡಬ್ಬಕ್ಕೆ ಒರಗಿಸಿಟ್ಟು ಐಎಸ್‌ಎಲ್ ಫೈನಲ್ ನೋಡುತ್ತಿದ್ದೆವು. ಬೆಂಗಳೂರು ಎಫ್‌ಸಿ ಮತ್ತು ಮೋಹನ್ ಬಗಾನ್ ನಡುವಿನ ಪಂದ್ಯ ಕೋಲ್ಕತ್ತಾದ ಸಾಲ್ಟ್ ಲೇಕ್ ಮೈದಾನದಲ್ಲಿ, ಅಂದರೆ ಎದುರಾಳಿಯ ಮನೆಯಂಗಳದಲ್ಲಿ ನಡೆಯುತ್ತಿತ್ತು. ದ್ವಿತೀಯಾರ್ಧದ ಆರಂಭದಲ್ಲೇ ಬಗಾನ್ ಆಟಗಾರನ ಕಾಲಿಗೆ ತಾಗಿದ ಚೆಂಡು ಅವರದೇ ಗೋಲಿಗೆ ಹೋದಾಗ ನಾವು ಕುಣಿದೆವು. ಆಮೇಲೆ ಪೆನಾಲ್ಟಿಯಲ್ಲಿ 1-1 ಆಯಿತು. ಹೆಚ್ಚುವರಿ ಸಮಯದಲ್ಲಿ ಮೆಕ್ಲಾರೆನ್ ಹೊಡೆದ ಗೋಲಿನಿಂದ 2-1. ಮುಗಿಯಿತು.

ನಮ್ಮಲ್ಲೊಬ್ಬ ಸಿಟ್ಟಿನಿಂದ, "ಸೆಮಿಫೈನಲ್‌ಗೆ ಎರಡು ಲೆಗ್ ಇಡ್ತಾರೆ, ಫೈನಲ್‌ಗೆ ಒಂದೇ. ಅದೂ ಅವರ ಊರಲ್ಲಿ. ಇದ್ಯಾವ ನ್ಯಾಯ?" ಅಂದ. ಆರು ದಿನದ ಹಿಂದಷ್ಟೇ ಗೋವಾ ವಿರುದ್ಧದ ಸೆಮಿಫೈನಲ್ ನೋಡಿದ್ದರಿಂದ ಅವನ ಮಾತಿನಲ್ಲಿ ಅರ್ಥವಿತ್ತು. ಬೆಂಗಳೂರಿನ ಕಂಠೀರವದಲ್ಲಿ 2-0 ಗೆದ್ದಿದ್ದ ತಂಡ ಗೋವಾದಲ್ಲಿ 0-2 ಹಿಂದೆ ಬಿದ್ದು, ಎರಡೂ ಸೇರಿ 2-2 ಆಗಿ, ಕೊನೆ ಕ್ಷಣದಲ್ಲಿ ಸುನಿಲ್ ಚೆಟ್ರಿ ತಲೆಯಿಂದ ಹೊಡೆದ ಗೋಲಿನಿಂದ ಒಟ್ಟು 3-2 ಎಂದು ದಾಟಿಕೊಂಡಿತ್ತು. ಆವತ್ತಿನ ಪಂದ್ಯವನ್ನು ಸೋತೂ ಗೆದ್ದಿದ್ದರು.

ಪಕ್ಕದ ಬೆಂಚಿನಲ್ಲಿ ಯಜಮಾನರೊಬ್ಬರು ಕೂತಿದ್ದರು. ಎಪ್ಪತ್ತರ ಆಸುಪಾಸು ಇರಬಹುದು. ಭದ್ರಾವತಿಯ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾಗಿ, ಈಗ ಮಗಳ ಮನೆ ಅಂತ ಶಿವಮೊಗ್ಗದಲ್ಲಿರುವವರು. ಅಷ್ಟೊತ್ತೂ ಸುಮ್ಮನೆ ನಮ್ಮ ಮೊಬೈಲನ್ನೇ ಇಣುಕುತ್ತಿದ್ದವರು, "ಏನ್ರಪ್ಪಾ, ಆವಾಗ ಫೈನಲ್‌ನೇ ಎರಡು ಆಡ್ತಿದ್ರು. ನಮ್ಮ ಮೈಸೂರು ಎರಡು ಆಡಿನೇ ಬಂಗಾಳದೋರ್ನ ಹೊಡೆದಿದ್ದು. ಒಂದು ಕಲ್ಕತ್ತಾದಲ್ಲಿ, ಒಂದು ಬೆಂಗಳೂರಲ್ಲಿ" ಅಂದರು.

ಮೈಸೂರು ಅಂದರೆ ಯಾವ ತಂಡ ಅಂತ ನಮ್ಮ ಜೊತೆಗಿದ್ದ ಚಿಕ್ಕವನಿಗೆ ತಿಳಿಯಲಿಲ್ಲ. ಅವನು ಹುಟ್ಟಿದ್ದೇ 2003ರಲ್ಲಿ. ಸಂತೋಷ್ ಟ್ರೋಫಿ ಅಂತ ಯಜಮಾನರೇ ಬಿಡಿಸಿ ಹೇಳಿದರು.

ನಾವು ಪತ್ರಿಕೋದ್ಯಮ ಓದಿದವರು. ಯಾರಾದರೂ ಹೀಗೆ ಖಚಿತವಾಗಿ ಏನಾದರೂ ಹೇಳಿದರೆ ಪರೀಕ್ಷಿಸಿ ನೋಡುವ ಚಟ. ಅಲ್ಲದೆ ನಮಗೊಂದು ಹಳೆ ಸಾಲವೂ ಇತ್ತು. 2023ರ ಮಾರ್ಚ್‌ನಲ್ಲಿ ಕರ್ನಾಟಕ ತಂಡ ಸಂತೋಷ್ ಟ್ರೋಫಿ ಗೆದ್ದಾಗ ನಾವು ಇಲ್ಲೇ ನಾಲ್ಕು ಸಾಲು ಬರೆದು, "54 ವರ್ಷದ ನಂತರ" ಎಂದು ಎಲ್ಲರೂ ಬರೆದಿದ್ದನ್ನೇ ಬರೆದು ಕೈ ತೊಳೆದುಕೊಂಡಿದ್ದೆವು. ಆ 54 ವರ್ಷದ ಹಿಂದೆ ಏನಾಗಿತ್ತು ಎಂದು ತಿರುಗಿ ನೋಡಿರಲಿಲ್ಲ.

ಈ ಸಲ ನೋಡಿದೆವು. ಸಂತೋಷ್ ಟ್ರೋಫಿಯ ಫೈನಲ್‌ಗಳ ಪಟ್ಟಿಯಲ್ಲಿ 1968-69ರ ಎದುರು ಹೀಗಿದೆ: ಮೈಸೂರು, ಬಂಗಾಳ, ಬೆಂಗಳೂರು, 0-0, 1-0. ಎರಡು ಅಂಕಿ, ಅಂದರೆ ಎರಡು ಪಂದ್ಯ. ಯಜಮಾನರು ಹೇಳಿದ್ದು ಅರ್ಧ ಸರಿಯಾಗಿತ್ತು. ಉಳಿದರ್ಧ ಎಲ್ಲಿಂದ ಬಂತು ಎಂದು ಹುಡುಕುತ್ತಾ ಹೋದಾಗಲೇ ಈ ಬರಹ ಬೆಳೆದಿದ್ದು.

ಮೊದಲು ಒಂದು ಗೊಂದಲ ಬಿಡಿಸಬೇಕು. ಎರಡು ಲೆಗ್‌ನ ಫೈನಲ್ ಬೇರೆ, ಎರಡು ದಿನ ಆಡಿದ ಫೈನಲ್ ಬೇರೆ. ಲೆಗ್ ಅಂದರೆ ಮೊದಲೇ ನಿಗದಿಯಾದದ್ದು. ಒಂದು ನಿಮ್ಮ ಊರಲ್ಲಿ, ಒಂದು ನಮ್ಮ ಊರಲ್ಲಿ, ಎರಡರ ಗೋಲು ಕೂಡಿಸಿ ಯಾರದು ಜಾಸ್ತಿಯೋ ಅವರು ಗೆದ್ದಂತೆ. ಬ್ರೆಜಿಲ್‌ನ ಕಪ್ ಟೂರ್ನಿ, ಇಟಲಿಯ ಕಪ್ ಟೂರ್ನಿ ಎಲ್ಲ ಬಹುಕಾಲ ಹೀಗೇ ಮುಗಿಯುತ್ತಿದ್ದವು. ದಕ್ಷಿಣ ಅಮೆರಿಕದ ಕ್ಲಬ್‌ಗಳ ದೊಡ್ಡ ಟೂರ್ನಿಯಾದ ಲಿಬರ್ಟಡೋರೆಸ್‌ನ ಫೈನಲ್ 2018ರವರೆಗೂ ಎರಡು ಲೆಗ್‌ನದೇ. ಆ ವರ್ಷ ಬ್ಯೂನಸ್ ಐರಿಸ್‌ನ ಎರಡು ತಂಡಗಳೇ ಎದುರಾಗಿ, ಗಲಾಟೆಯಾಗಿ, ಎರಡನೇ ಪಂದ್ಯವನ್ನು ಮ್ಯಾಡ್ರಿಡ್‌ಗೆ ಒಯ್ದು ಆಡಿಸಬೇಕಾಯಿತು. ಯುರೋಪಿನಲ್ಲಿ 1965ರಿಂದ ಇನ್ನೊಂದು ನಿಯಮ ಸೇರಿಕೊಂಡಿತ್ತು. ಒಟ್ಟು ಗೋಲು ಸಮವಾದರೆ ಎದುರಾಳಿಯ ಊರಲ್ಲಿ ಹೆಚ್ಚು ಗೋಲು ಹೊಡೆದವರಿಗೆ ಗೆಲುವು. 2021ರಲ್ಲಿ ಅದನ್ನು ತೆಗೆದರು.

ನಮ್ಮಲ್ಲಿದ್ದದ್ದು ಇದಲ್ಲ, ಮರುಪಂದ್ಯ. ಫೈನಲ್ ಒಂದೇ. ಆದರೆ ಸಮ ಆಯಿತೆಂದರೆ ಎಲ್ಲರೂ ಊರಲ್ಲೇ ಉಳಿದು, ಅದೇ ಊರಲ್ಲಿ ಮತ್ತೊಮ್ಮೆ ಆಡಬೇಕು. ಹಿಂದಿನ ಪಂದ್ಯದ ಗೋಲು ಲೆಕ್ಕಕ್ಕಿಲ್ಲ, ಎಲ್ಲವೂ ಸೊನ್ನೆಯಿಂದ. 1956-57ರಲ್ಲಿ ಹೈದರಾಬಾದ್ ಮತ್ತು ಬಾಂಬೆ ತಿರುವನಂತಪುರದಲ್ಲಿ 1-1 ಆಡಿ, ಮರುಪಂದ್ಯದಲ್ಲಿ ಹೈದರಾಬಾದ್ 4-1ರಿಂದ ಗೆದ್ದಿತು. ಪೆನಾಲ್ಟಿ ಶೂಟೌಟ್ ಎನ್ನುವುದು ಆಟದ ನಿಯಮಕ್ಕೆ ಸೇರಿದ್ದೇ 1970ರಲ್ಲಿ. ಅದಕ್ಕೂ ಮುಂಚೆ ಮರುಪಂದ್ಯಕ್ಕೆ ಸಮಯವಿಲ್ಲ ಎಂದಾದರೆ ನಾಣ್ಯ ಚಿಮ್ಮುತ್ತಿದ್ದರು. ತಮಾಷೆಯಲ್ಲ. 1968ರ ಜೂನ್‌ನಲ್ಲಿ ಯುರೋಪ್ ಚಾಂಪಿಯನ್‌ಶಿಪ್ ಸೆಮಿಫೈನಲ್‌ನಲ್ಲಿ ಸೋವಿಯತ್ ಒಕ್ಕೂಟವನ್ನು ಇಟಲಿ 'ಸೋಲಿಸಿದ್ದು' ನೇಪಲ್ಸ್‌ನಲ್ಲಿ ನಾಣ್ಯ ಚಿಮ್ಮಿ. ಮೂರು ದಿನ ಕಳೆದು ರೋಮ್‌ನಲ್ಲಿ ನಡೆದ ಫೈನಲ್ ಯುಗೊಸ್ಲಾವಿಯಾ ಜೊತೆ 1-1 ಆಯಿತು, ಮತ್ತೆರಡು ದಿನ ಬಿಟ್ಟು ಮರುಪಂದ್ಯ ಆಡಿಸಿದರು, ಇಟಲಿ 2-0ರಿಂದ ಗೆದ್ದಿತು. ಅದೇ 1968-69ರ ಸಾಲಿನಲ್ಲಿ ಬೆಂಗಳೂರಿನಲ್ಲಿ ಮೈಸೂರು ಮತ್ತು ಬಂಗಾಳ ಕೂಡ ಒಮ್ಮೆ ಗೋಲಿಲ್ಲದೆ ಆಡಿ ಮತ್ತೊಮ್ಮೆ ಮೈದಾನಕ್ಕಿಳಿದವು.

ಮರುಪಂದ್ಯದಲ್ಲಿ ಒಂದು ಒಳ್ಳೆಯದೂ ಒಂದು ಕೆಟ್ಟದ್ದೂ ಇದೆ. ನಾಣ್ಯಕ್ಕಿಂತ, ಶೂಟೌಟ್‌ಗಿಂತ ಅದು ಹೆಚ್ಚು ಫುಟ್ಬಾಲ್. ಇದು ಒಳ್ಳೆಯದು. ಕೆಟ್ಟದ್ದೇನೆಂದರೆ ಎರಡನೇ ಅವಕಾಶವೂ ಆತಿಥೇಯರ ಊರಲ್ಲೇ ಸಿಗುತ್ತದೆ. ಅವತ್ತು ಟೀ ಅಂಗಡಿಯಲ್ಲಿ ನಾವು ಕೂಗಾಡಿದ ನ್ಯಾಯದ ಪ್ರಶ್ನೆಯನ್ನು 1969ರಲ್ಲಿ ಬಂಗಾಳದವರು ನಮಗೇ ಕೇಳಬಹುದಿತ್ತು.

ಹಾಗಾಗಿ ಲೆಕ್ಕವನ್ನು ಪೂರ್ತಿ ಹಾಕಿ ನೋಡಿದೆವು. ಮೈಸೂರು, ಆಮೇಲೆ ಕರ್ನಾಟಕ, ಸಂತೋಷ್ ಟ್ರೋಫಿಯ ಫೈನಲ್ ಆಡಿದ್ದು ಹತ್ತು ಸಲ. ಅದರಲ್ಲಿ ಎಂಟು ಸಲ ಎದುರಿಗಿದ್ದದ್ದು ಬಂಗಾಳ. ಗೆಲುವು-ಸೋಲು ನಾಲ್ಕು-ನಾಲ್ಕು. ಇದು ನಮಗೆ ಗೊತ್ತೇ ಇರಲಿಲ್ಲ. ಭಾರತದ ಫುಟ್ಬಾಲ್ ಅಂದರೆ ಬಂಗಾಳ ಎಂದು ಓದುತ್ತಾ ಬೆಳೆದ ನಮಗೆ, ಫೈನಲ್‌ಗಳ ಮಟ್ಟಿಗೆ ಬಂಗಾಳಕ್ಕೆ ಸರಿಸಮ ನಿಂತ ತಂಡ ನಮ್ಮದೇ ರಾಜ್ಯದ್ದು ಅಂತ ಯಾರೂ ಹೇಳಿರಲಿಲ್ಲ.

ಇನ್ನೊಂದು ಸಂಗತಿ. ಆ ಹತ್ತು ಫೈನಲ್‌ಗಳಲ್ಲಿ ಐದು ಎರಡೆರಡು ದಿನದ್ದು. 1946-47ರಲ್ಲಿ ಬೆಂಗಳೂರಿನಲ್ಲಿ ಬಂಗಾಳದೊಂದಿಗೆ 0-0, ಮರುಪಂದ್ಯದಲ್ಲಿ ಮೈಸೂರಿಗೆ 2-1. 1953-54ರಲ್ಲಿ ಕಲ್ಕತ್ತಾದಲ್ಲಿ 0-0, ಮರುಪಂದ್ಯದಲ್ಲಿ ಬಂಗಾಳಕ್ಕೆ 3-1. 1968-69 ಆಗಲೇ ಹೇಳಿದ್ದು. 1970-71ರಲ್ಲಿ ಜಲಂಧರ್‌ನಲ್ಲಿ ಪಂಜಾಬ್ ಜೊತೆ 1-1, ಮರುಪಂದ್ಯದಲ್ಲಿ ಪಂಜಾಬ್‌ಗೆ 3-1. 1975-76ರಲ್ಲಿ, ಅಷ್ಟೊತ್ತಿಗೆ ರಾಜ್ಯದ ಹೆಸರು ಕರ್ನಾಟಕ ಆಗಿತ್ತು, ಕೋಳಿಕ್ಕೋಡ್‌ನಲ್ಲಿ ಬಂಗಾಳದೊಂದಿಗೆ 0-0, ಮರುಪಂದ್ಯದಲ್ಲಿ ಬಂಗಾಳಕ್ಕೆ 3-1.

ಇದನ್ನು ಓದಿದರೆ ಒಂದು ಕಟು ಸತ್ಯ ಕಾಣುತ್ತದೆ. ಬೆಂಗಳೂರಿನ ಮರುಪಂದ್ಯಗಳೆರಡನ್ನೂ ನಾವು ಗೆದ್ದೆವು. ಹೊರಗಿನ ಮೂರನ್ನೂ ಸೋತೆವು. ಕಲ್ಕತ್ತಾದಲ್ಲಿ ಬಂಗಾಳ, ಜಲಂಧರ್‌ನಲ್ಲಿ ಪಂಜಾಬ್, ಯಾರ ಊರೋ ಅವರದೇ ಕಪ್. ಮೊದಲ ದಿನ ಯಾರು ಹೇಗೆ ತಡೆದು ನಿಲ್ಲಿಸಿದರೂ ಎರಡನೇ ದಿನ ಊರು ಕೈ ಹಿಡಿಯುತ್ತದೆ. ಮನೆ ಊಟ, ಸ್ವಂತ ಹಾಸಿಗೆ, ಗ್ಯಾಲರಿ ತುಂಬ ನಮ್ಮವರೇ. ಪರಊರಿನ ತಂಡಕ್ಕೋ ಇನ್ನೆರಡು ದಿನ ಲಾಡ್ಜು, ಮುಂದೆ ಹೋದ ರೈಲು ಟಿಕೆಟ್ಟು. ಕೋಳಿಕ್ಕೋಡ್ ಮಾತ್ರ ಇಬ್ಬರ ಊರೂ ಅಲ್ಲ, ಅಲ್ಲಿ ಆ ನೆಪ ನಮಗೂ ಇಲ್ಲ.

ಹಾಗಾದರೆ ಮೈಸೂರಿನ ನಾಲ್ಕು ಗೆಲುವೂ ಬರೀ ಊರಿನ ಗೆಲುವೇ? ಅಲ್ಲ. 1967-68ರ ಫೈನಲ್ ನಡೆದದ್ದು ಒಡಿಶಾದ ಕಟಕ್‌ನಲ್ಲಿ. ಅದು ಯಾರಿಗೂ ತವರಲ್ಲ, ಆದರೆ ಭೂಪಟ ನೋಡಿ, ಕಲ್ಕತ್ತಾಕ್ಕೆ ಎಷ್ಟು ಹತ್ತಿರ, ಬೆಂಗಳೂರಿಗೆ ಎಷ್ಟು ದೂರ. ಅಲ್ಲಿ ಮೈಸೂರು ಬಂಗಾಳವನ್ನು 1-0ರಿಂದ ಸೋಲಿಸಿತು. ಅಷ್ಟೊತ್ತಿಗೆ ಬಂಗಾಳ 11 ಸಲ ಚಾಂಪಿಯನ್ ಆಗಿದ್ದ ತಂಡ. ಮರುವರ್ಷ ಬೆಂಗಳೂರಿನಲ್ಲಿ ಅದೇ ಬಂಗಾಳ ಮತ್ತೆ ಎದುರಾಗಿ 0-0, 1-0. ಸತತ ಎರಡು ವರ್ಷದ ಫೈನಲ್‌ಗಳಲ್ಲಿ, ಒಟ್ಟು ಮೂರು ಪಂದ್ಯಗಳಲ್ಲಿ ಬಂಗಾಳಕ್ಕೆ ಮೈಸೂರಿನ ವಿರುದ್ಧ ಒಂದೇ ಒಂದು ಗೋಲು ಹೊಡೆಯಲು ಆಗಲಿಲ್ಲ. ಲೆಗ್‌ಗಳ ಲೆಕ್ಕ ಹಾಕುವವರಿಗೆ ಇದಕ್ಕಿಂತ ಒಳ್ಳೆಯ ಪುರಾವೆ ಬೇಕೇ? ಒಂದು ಅವರ ಕಡೆ, ಎರಡು ನಮ್ಮ ಕಡೆ, ಒಟ್ಟು 2-0. ಯಾರೂ ಹಾಗೆ ಆಡಿಸಲಿಲ್ಲ, ಕ್ಯಾಲೆಂಡರ್ ತಾನಾಗಿ ಹಾಗೆ ಜೋಡಿಸಿಕೊಟ್ಟಿತು.

ಇಷ್ಟಾಗಿಯೂ ನಮ್ಮ ಕಡೆ ಈ ಗೆಲುವು ಕತೆಯಾಗಿ ಉಳಿಯಲಿಲ್ಲ. ಇದು ನಮ್ಮನ್ನು ತುಂಬಾ ಕಾಡಿದ ವಿಷಯ. 1969ರ ನವೆಂಬರ್‌ನಲ್ಲಿ ಭದ್ರಾವತಿಯಲ್ಲಿ ಹುಟ್ಟಿದ ಇಪ್ಪತ್ತರ ಹುಡುಗ ಜಿ.ಆರ್. ವಿಶ್ವನಾಥ್ ಕಾನ್ಪುರದಲ್ಲಿ ಆಸ್ಟ್ರೇಲಿಯಾ ವಿರುದ್ಧ ಮೊದಲ ಟೆಸ್ಟ್‌ನಲ್ಲೇ 137 ಹೊಡೆದರು. ಭದ್ರಾವತಿಯಲ್ಲಿ ಇಂದಿಗೂ ಯಾರನ್ನು ಕೇಳಿದರೂ ಆ ಶತಕದ ಮಾತು ಬರುತ್ತದೆ. ಐದು ವರ್ಷದ ನಂತರ, 1974ರಲ್ಲಿ, ಕರ್ನಾಟಕ ರಣಜಿ ಟ್ರೋಫಿಯಲ್ಲಿ ಬಾಂಬೆಯ ಹದಿನೈದು ವರ್ಷದ ಏಕಚಕ್ರಾಧಿಪತ್ಯ ಮುರಿದದ್ದನ್ನು ಪ್ರಸನ್ನ, ಚಂದ್ರಶೇಖರ್ ಹೆಸರಿನೊಂದಿಗೆ ಮಕ್ಕಳೂ ಹೇಳುತ್ತಾರೆ. ಅದಕ್ಕಿಂತ ಮೊದಲೇ ಫುಟ್ಬಾಲ್‌ನಲ್ಲಿ ಬಂಗಾಳಕ್ಕೆ ಅದೇ ಪೆಟ್ಟು ಕೊಟ್ಟಿದ್ದು ನಮ್ಮದೇ ರಾಜ್ಯ ಎಂದರೆ ಯಾರೂ ನಂಬುವುದಿಲ್ಲ. ಕ್ರಿಕೆಟ್‌ಗೆ ಬರೆಯುವವರಿದ್ದರು, ಬಣ್ಣಿಸುವವರಿದ್ದರು. ಭದ್ರಾವತಿಯಲ್ಲೇ 1965ರಿಂದ ಆಕಾಶವಾಣಿ ಕೇಂದ್ರವಿತ್ತು. ಆದರೆ ಒಂದು ಗೆಲುವು ಕತೆಯಾಗಬೇಕಾದರೆ ರೇಡಿಯೋ ಇದ್ದರೆ ಸಾಲದು, ಅದನ್ನು ತಮ್ಮದು ಎಂದು ಹೇಳಿಕೊಳ್ಳುವ ಜನ ಬೇಕು.

ಇಲ್ಲೇ 'ಮೈಸೂರು' ಎಂಬ ಹೆಸರಿನ ತೊಡಕು ಬರುತ್ತದೆ. 1946-47ರಲ್ಲಿ ಕಪ್ ಗೆದ್ದ ಮೈಸೂರು ಒಡೆಯರ ಸಂಸ್ಥಾನ. ಶಿವಮೊಗ್ಗ, ಭದ್ರಾವತಿ ಅದರೊಳಗಿದ್ದವು. ಮಂಗಳೂರು ಮದ್ರಾಸಿಗೆ ಸೇರಿತ್ತು, ಹುಬ್ಬಳ್ಳಿ-ಧಾರವಾಡ ಬಾಂಬೆಗೆ, ಕಲಬುರ್ಗಿ ನಿಜಾಮರಿಗೆ. 1968-69ರಲ್ಲಿ ಗೆದ್ದ ಮೈಸೂರು 1956ರ ಏಕೀಕರಣದ ನಂತರದ ದೊಡ್ಡ ರಾಜ್ಯ. 1973ರ ನವೆಂಬರ್ 1ರಂದು ಹೆಸರು ಬದಲಾಯಿತು. ಹೆಸರು ಬದಲಾದ ಮೇಲೆ ಹಳೆಯ ಪಟ್ಟಿಯಲ್ಲಿ 'ಮೈಸೂರು' ಎಂದು ಓದಿದ ಹುಡುಗರಿಗೆ ಅದು ಚಾಮುಂಡಿ ಬೆಟ್ಟದ ಊರಿನ ತಂಡ ಅನ್ನಿಸಿದರೆ ಆಶ್ಚರ್ಯವಿಲ್ಲ. ನಮ್ಮ ಚಿಕ್ಕವನಿಗೂ ಅನ್ನಿಸಿದ್ದು ಅದೇ. ಎರಡು ಮೈಸೂರಿನಲ್ಲೂ ಇದ್ದ, ಈಗ ಕರ್ನಾಟಕದಲ್ಲೂ ಇರುವ ಊರಿನವರಾದ ನಾವೇ ಮರೆತರೆ ಬೇರೆಯವರನ್ನು ಏನೆಂದು ದೂರುವುದು?

ಆ ತಂಡ ನಿಜವಾಗಿ ಎಲ್ಲಿಯದು ಎಂದರೆ ಬೆಂಗಳೂರಿನ ದಂಡು ಪ್ರದೇಶದ್ದು. ಬ್ರಿಟಿಷ್ ಸೈನಿಕರ ಜೊತೆ ಆಡುತ್ತಾ ಕಲಿತ ಕಾಲುಗಳು. ತಮಿಳು, ದಖನಿ ಉರ್ದು ಮಾತಾಡುವ ಬೀದಿಗಳು. ಬೆಂಗಳೂರು ಮುಸ್ಲಿಮ್ಸ್ ತಂಡ 1937ರಲ್ಲಿ ಬಾಂಬೆಯ ರೋವರ್ಸ್ ಕಪ್ ಫೈನಲ್‌ನಲ್ಲಿ ಕಲ್ಕತ್ತಾದ ಮೊಹಮ್ಮಡನ್ ಸ್ಪೋರ್ಟಿಂಗ್ ತಂಡವನ್ನು 1-0ರಿಂದ ಸೋಲಿಸಿತು. ಅಲ್ಲಿಯತನಕ ಪಲ್ಟನ್‌ಗಳ ಸ್ವತ್ತಾಗಿದ್ದ ಆ ಕಪ್ಪು ಮೊದಲ ಸಲ ನಾಗರಿಕರ ಭಾರತೀಯ ತಂಡದ ಕೈಸೇರಿದ್ದು ಆಗಲೇ. ಮರುವರ್ಷವೂ ಅವರೇ ಗೆದ್ದರು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ವಿರುದ್ಧ ಭಾರತ ಎರಡು ಪೆನಾಲ್ಟಿ ಕೈಚೆಲ್ಲಿ 1-2ರಿಂದ ಸೋತ ಪಂದ್ಯದಲ್ಲಿ ಆ ಒಂದು ಗೋಲು ಹೊಡೆದದ್ದು ಮೈಸೂರಿನ ಸಾರಂಗಪಾಣಿ ರಾಮನ್. ಅದೇ ತಂಡದಲ್ಲಿದ್ದ ಬೆಂಗಳೂರಿನ ಅಹ್ಮದ್ ಖಾನ್ ಆಮೇಲೆ ಕಲ್ಕತ್ತಾದ ಈಸ್ಟ್ ಬೆಂಗಾಲ್ ಸೇರಿ, ಅಲ್ಲಿಯ 'ಪಂಚಪಾಂಡವ' ಮುಂಚೂಣಿ ಆಟಗಾರರಲ್ಲಿ ಒಬ್ಬರಾದರು. ಧನರಾಜ್ ಕೂಡ ಆ ಐವರಲ್ಲೊಬ್ಬರು. ಕಲ್ಕತ್ತಾದವರು ಬೆಂಗಳೂರಿನ ಆಟವನ್ನು ಎಷ್ಟು ಮೆಚ್ಚುತ್ತಿದ್ದರು ಅಂದರೆ, ಇಲ್ಲಿಯ ಒಳ್ಳೆಯ ಆಟಗಾರರನ್ನು ರೈಲು ಹತ್ತಿಸಿಕೊಂಡು ಹೋಗಿಬಿಡುತ್ತಿದ್ದರು! ಟ್ರೋಫಿಯಲ್ಲೇ ಅದರ ಗುರುತಿದೆ. ಮೂರನೇ ಸ್ಥಾನಕ್ಕೆ ಕೊಡುತ್ತಿದ್ದ ಕಪ್ಪಿನ ಹೆಸರು ಸಂಪಂಗಿ ಕಪ್. ತೀರಿಕೊಂಡ ಮೈಸೂರಿನ ಆಟಗಾರರೊಬ್ಬರ ನೆನಪಿಗೆ ಮೈಸೂರು ಫುಟ್ಬಾಲ್ ಸಂಸ್ಥೆ ಕೊಟ್ಟದ್ದು. (ದೊಡ್ಡ ಕಪ್ಪಿನ 'ಸಂತೋಷ್' ನಮ್ಮ ಸಂತೋಷವಲ್ಲ, ಊರಿನ ಹೆಸರು. ಅಲ್ಲಿಯ ಜಮೀನ್ದಾರ ಮನ್ಮಥನಾಥ ರಾಯಚೌಧರಿಯವರ ನೆನಪಿನದು. ಆ ಊರು ಈಗ ಬಾಂಗ್ಲಾದೇಶದಲ್ಲಿದೆ.)

ದಂಡಿನ ನಂತರ ಆ ಆಟವನ್ನು ಸಾಕಿದ್ದು ಕಾರ್ಖಾನೆಗಳು. ಎಚ್‌ಎಎಲ್, ಐಟಿಐ, ಎಲ್‌ಆರ್‌ಡಿಇ. ಚೆನ್ನಾಗಿ ಆಡಿದರೆ ಕೆಲಸ, ಸಂಜೆ ಅಭ್ಯಾಸಕ್ಕೆ ಬಿಡುವು. 1977ರಲ್ಲಿ ಮೊಟ್ಟಮೊದಲ ಫೆಡರೇಷನ್ ಕಪ್ ಗೆದ್ದದ್ದು ಬೆಂಗಳೂರು ದೂರವಾಣಿ ನಗರದ ಐಟಿಐ ತಂಡ. ಕೊಚ್ಚಿಯ ಫೈನಲ್‌ನಲ್ಲಿ ಮೋಹನ್ ಬಗಾನ್ ವಿರುದ್ಧ 1-0. ಟೆಲಿಫೋನ್ ತಯಾರಿಸುವವರು ಬಗಾನನ್ನು ಸೋಲಿಸಿದ್ದರು! ಮರುವರ್ಷ ಅದೇ ಕಪ್ಪಿನ ಫೈನಲ್ ಬಗೆಹರಿಯದೆ ಬಗಾನ್ ಮತ್ತು ಈಸ್ಟ್ ಬೆಂಗಾಲ್ ಎರಡನ್ನೂ ಜಂಟಿ ವಿಜೇತರೆಂದು ಸಾರಿದರು. ಮರುಪಂದ್ಯವೂ ಬೇಡ, ನಾಣ್ಯವೂ ಬೇಡ, ಹಂಚಿಕೊಳ್ಳಿ ಎಂಬ ಮೂರನೇ ದಾರಿ.

ಕಾರ್ಖಾನೆ ಎಂದೊಡನೆ ನಮ್ಮ ತಲೆ ಭದ್ರಾವತಿಗೆ ಹೋಗುತ್ತದೆ. 1923ರಲ್ಲಿ ಕಬ್ಬಿಣ ಹರಿಸಲು ಶುರುಮಾಡಿದ ಕಾರ್ಖಾನೆಯೂ, ಆಮೇಲೆ ಬಂದ ಕಾಗದದ ಕಾರ್ಖಾನೆಯೂ ಊರಿಗೆ ಸಂಬಳ ಮಾತ್ರ ಕೊಡಲಿಲ್ಲ. ಕ್ವಾರ್ಟರ್ಸ್, ಆಸ್ಪತ್ರೆ, ಶಾಲೆ, ಆಟದ ಬಯಲು ಎಲ್ಲ ಕೊಟ್ಟವು. ಪಾಳಿ ಮುಗಿಸಿ ಬಂದವರ ಮಕ್ಕಳು ಆ ಬಯಲಲ್ಲೇ ಆಡುತ್ತಿದ್ದರು. 2023ರ ಜನವರಿಯಲ್ಲಿ ವಿಐಎಸ್‌ಎಲ್ ಮುಚ್ಚುವ ತೀರ್ಮಾನ ಹೊರಬಿತ್ತು, ಗುತ್ತಿಗೆ ಕಾರ್ಮಿಕರು ಗೇಟಿನ ಮುಂದೆ ಧರಣಿ ಕೂತರು. ಆ ಧರಣಿ ನಡೆಯುತ್ತಿದ್ದ ದಿನಗಳಲ್ಲೇ, ಮಾರ್ಚ್ 4ರಂದು, ಸೌದಿ ಅರೇಬಿಯಾದ ರಿಯಾದ್‌ನ ಕಿಂಗ್ ಫಹದ್ ಕ್ರೀಡಾಂಗಣದಲ್ಲಿ ಕರ್ನಾಟಕ ಮೇಘಾಲಯವನ್ನು 3-2ರಿಂದ ಸೋಲಿಸಿ ಸಂತೋಷ್ ಟ್ರೋಫಿ ಗೆದ್ದಿತು. ಟ್ರೋಫಿಯ ಫೈನಲ್ ಹೊರದೇಶದಲ್ಲಿ ನಡೆದದ್ದು ಅದೇ ಮೊದಲು. ಯಾರ ತವರೂ ಅಲ್ಲದ ಜಾಗ ಬೇಕೆಂದರೆ ಅದಕ್ಕಿಂತ ತಟಸ್ಥ ಜಾಗ ಇನ್ನೆಲ್ಲಿ? ನಮ್ಮಲ್ಲಿಬ್ಬರು ಆವತ್ತು ಧರಣಿಯ ವರದಿಗೆಂದು ಭದ್ರಾವತಿಯಲ್ಲಿದ್ದರು. ಕಪ್ಪಿನ ಸುದ್ದಿ ಫೋನಿನಲ್ಲಿ ಬಂದಾಗ ಪಕ್ಕದಲ್ಲಿ ಕೂತಿದ್ದವರಿಗೆ ಹೇಳಿದರು. "ಹೌದಾ, ಒಳ್ಳೇದಾಯ್ತು" ಎಂದು ಆತ ಮತ್ತೆ ಗೇಟಿನ ಕಡೆ ನೋಡಿದರಂತೆ. ಆ ವರ್ಷ ಆಗಸ್ಟ್‌ನಲ್ಲಿ ಕಾರ್ಖಾನೆಯ ಬಾರ್ ಮಿಲ್ ಮತ್ತೆ ಶುರುವಾಯಿತು.

ಈಗ ಯಜಮಾನರ ಉಳಿದರ್ಧಕ್ಕೆ ಬರೋಣ. ಒಂದು ಕಲ್ಕತ್ತಾದಲ್ಲಿ, ಒಂದು ಬೆಂಗಳೂರಲ್ಲಿ ಎಂದಿದ್ದರಲ್ಲ. ಪಟ್ಟಿ ಹಿಡಿದುಕೊಂಡು ಮತ್ತೊಂದು ಸಂಜೆ ಅವರನ್ನು ಹುಡುಕಿಕೊಂಡು ಅದೇ ಅಂಗಡಿಗೆ ಹೋದೆವು. ಕೇಳುತ್ತಾ ಹೋದಾಗ ಗೊತ್ತಾಯಿತು, 1968-69ರದ್ದು ಅವರು ಹುಡುಗನಾಗಿದ್ದಾಗ ಸ್ವತಃ ಕೇಳಿದ ಸುದ್ದಿ. ಕಲ್ಕತ್ತಾದ್ದು ಅವರ ಅಪ್ಪ ಹೇಳುತ್ತಿದ್ದದ್ದು. ಅಂದರೆ 1952-53 ಮತ್ತು 1953-54ರದ್ದು. ಆ ಜೋಡಿ ನೋಡಿದರೆ ಯಾರಿಗಾದರೂ ಲೆಗ್ ಅನ್ನಿಸಬೇಕು. ಸತತ ಮೂರು ವರ್ಷ ಕಪ್ ಹೊತ್ತಿದ್ದ ಬಂಗಾಳವನ್ನು 1952-53ರಲ್ಲಿ ಬೆಂಗಳೂರಿನಲ್ಲಿ ಮೈಸೂರು 1-0ರಿಂದ ತಡೆಯಿತು. ಮರುವರ್ಷ ಅದೇ ಎರಡು ತಂಡ ಕಲ್ಕತ್ತಾದಲ್ಲಿ ಎದುರಾಗಿ 0-0, ಆಮೇಲೆ ಬಂಗಾಳಕ್ಕೆ 3-1. ಅಪ್ಪನ ಕತೆಯೂ ಮಗನ ನೆನಪೂ ಐವತ್ತು ವರ್ಷದಲ್ಲಿ ಒಂದರೊಳಗೊಂದು ಸೇರಿ ಒಂದೇ ಫೈನಲ್ ಆಗಿಬಿಟ್ಟಿತ್ತು. ಸೋಲು ಬಿದ್ದುಹೋಗಿ ಗೆಲುವು ಉಳಿದಿತ್ತು. ಬಾಯಿಂದ ಬಾಯಿಗೆ ಬಂದ ಚರಿತ್ರೆಯನ್ನು ನಾವು ವರದಿಗಾರರು ಹೀಗೇ ಎಷ್ಟು ಸಲ ನೇರ ಎತ್ತಿಕೊಂಡು ಬರೆದಿದ್ದೇವೋ ಏನೋ.

ಎರಡು ವರ್ಷದ ಮೂರೂ ಪಂದ್ಯವನ್ನು ಕೂಡಿಸಿ ಚಿಕ್ಕವನು ಕಾಗದದ ಮೇಲೆ ಬರೆದ. ಬಂಗಾಳ 3, ಮೈಸೂರು 2.

ಯಜಮಾನರು ಕನ್ನಡಕ ಏರಿಸಿಕೊಂಡು ನೋಡಿದರು. "ಅಂದ್ರೆ ನಾವು ಸೋತ್ವಾ?"

"ಹಂಗ್ ಕೂಡಿಸಿದ್ರೆ ಸೋತಂಗೆ, ಸರ್."

"ಅಲ್ಲ ಕಣೋ, ಹೊರಗೆ ಹೋಗಿ ಹೊಡೆದ ಗೋಲು ಎರಡಕ್ಕೆ ಸಮ ಅಂತಾರಲ್ಲ ಟೀವಿಲಿ? ಕಲ್ಕತ್ತಾದಲ್ಲಿ ನಮ್ಮೋರು ಒಂದು ಹೊಡೆದಿದಾರೆ. ಅದನ್ನ ಎರಡು ಅಂತ ಹಾಕು."

ಆ ನಿಯಮ ಒಟ್ಟು ಸಮ ಆದಾಗ ಮಾತ್ರ, ಅದೂ ಯುರೋಪಿನದು, ಬಂದದ್ದೇ 1965ರಲ್ಲಿ, ಈಗ ತೆಗೆದೂ ಹಾಕಿದ್ದಾರೆ ಎಂದು ಅವನು ವಿವರಿಸಲು ಹೊರಟ. ಅವರು ಕೈ ಅಡ್ಡ ಹಿಡಿದರು. ಚಿಕ್ಕವನು 2 ಹೊಡೆದು 3 ಎಂದು ತಿದ್ದಿದ. 3-3.

"ಹಾಂ, ಈಗ ಸರಿ" ಅಂದರು ಯಜಮಾನರು, ಕಾಗದ ಮಡಿಸಿ ಅಂಗಿ ಜೇಬಿಗೆ ಇಟ್ಟುಕೊಳ್ಳುತ್ತಾ. "ಇನ್ನೊಂದ್ಸಲ ಆಡಬೇಕು."